ದೀಪ ಹಚ್ಚುವ ಹೊತ್ತಿನ ಬಾಗಿಲು

ಶ್ರೀರಂಗಪಟ್ಟಣದ ಕೋಟೆಯೊಳಗಿನ ಒಂದು ಓಣಿ. ಊರು ಸುತ್ತುತ್ತ ಚಿತ್ರ ಬರೆಯಲು ಬಂದ ನಾವೆಲ್ಲ ಒಂದೊಂದು ಮನೆಯೆದುರು ಕೂತಿದ್ದೇವೆ. ಕರೆತಂದ ಮೇಷ್ಟ್ರು ಪೆನ್ಸಿಲ್ ಮುಟ್ಟಲು ಬಿಡುವುದಿಲ್ಲ. ತಪ್ಪಾದರೂ ಇಂಕಿನಲ್ಲೇ ಆಗಲಿ ಎನ್ನುತ್ತಾರೆ. ನನ್ನ ಪಾಲಿಗೆ ಬಂದದ್ದು ಮುಚ್ಚಿದ ನೀಲಿ ಬಾಗಿಲು. ಚಿಲಕ, ಮೊಳೆ, ಹೊಸ್ತಿಲ ಅರಿಶಿನ ಎಲ್ಲ ಬರೆದು ನನ್ನ ಬೆನ್ನು ನಾನೇ ತಟ್ಟಿಕೊಳ್ಳುವಷ್ಟರಲ್ಲಿ ಬಾಗಿಲು ತೆರೆಯಿತು. ಚೊಂಬು ಹಿಡಿದು ಬಂದ ಮನೆಯಾಕೆ ಹೊಸ್ತಿಲಿಗೆ ನೀರು ಚಿಮುಕಿಸಿ, ನನ್ನ ಹಾಳೆಯತ್ತ ಬಗ್ಗಿದರು.

"ಚೆನ್ನಾಗೈತೆ. ಆದ್ರೆ ದೀಪ ಅಚ್ಚೋ ಒತ್ನಲ್ಲಿ ಬಾಗ್ಲು ಮುಚ್ಬಾರ್ದು ಕಣವ್ವ. ಲಕ್ಷ್ಮಿ ಎಂಗ್ ಬತ್ತಾಳೆ? ತೆಗ್ದ್ಬುಡು."

"ಇಂಕಲ್ಲಿ ಬರೆದಿದೀನಮ್ಮ, ಅಳಿಸೋಕಾಗಲ್ಲ."

ಅವರ ಮುಖ ನಿಜಕ್ಕೂ ಸಣ್ಣದಾಯಿತು. ಸ್ವಲ್ಪ ಯೋಚಿಸಿ, "ಅಂಗಾರೆ ಒಳಕ್ ಬಾ. ಇಲ್ಲಿಂದ ಬರಿ" ಎಂದರು.

ನಡುಮನೆಯ ಚಾಪೆಯ ಮೇಲೆ ಕೂತು ಹೊಸ ಹಾಳೆ ತಿರುವಿದೆ. ಬೆನ್ನ ಹಿಂದೆ ದೀಪ ಹತ್ತಿತು. ಈಗ ನನ್ನ ಚಿತ್ರದಲ್ಲಿ ಬಾಗಿಲು ಹಾರುಹೊಡೆದಿದೆ. ಅದರಾಚೆ ಬೀದಿ, ಬೀದಿಯಲ್ಲಿ ತಲೆ ತಗ್ಗಿಸಿ ಕೂತ ನಮ್ಮವರು.

ಮನೆಯಾಕೆ ಮತ್ತೆ ಬಗ್ಗಿ ನೋಡಿದರು. "ಅಯ್ಯೋ, ಇವ್ರೆಲ್ಲ ಬೀದೀಲೇ ಕುಂತವ್ರಲ್ಲವ್ವ!" ಎಂದವರೇ ಅಡುಗೆಮನೆಗೆ ಹೋಗಿ, ಟೀಗೆಂದು ಅಟ್ಟದ ಮೇಲಿದ್ದ ದೊಡ್ಡ ಪಾತ್ರೆ ಇಳಿಸಿದರು.