ಕಾಂಜುಗೇಷನ್ ಮತ್ತು ಅತ್ತೆಯ ಸಾರಿನ ಪುಡಿ

ಕಾಂಜುಗೇಷನ್ ಎಂಬ ಪದದ ಅರ್ಥವನ್ನು ನಾನು ಹಲವರಿಗೆ ವಿವರಿಸಿದ್ದೇನೆ. ಪರೀಕ್ಷಕರಿಗೆ ವಿವರಿಸಿ ಪದವಿ ಪಡೆದೆ. ನನ್ನನ್ನು ನೋಡಲು ಬಂದ ಗಂಡಿನ ಕಡೆಯವರಿಗೆ ವಿವರಿಸಿ ಒಂದು ಸಂಬಂಧ ಕಳೆದುಕೊಂಡೆ. ಆದರೆ ಕೇಳಿದವರಲ್ಲಿ ಅದನ್ನು ಪೂರ್ತಿ ಅರ್ಥ ಮಾಡಿಕೊಂಡವರು ಒಬ್ಬರೇ, ನಮ್ಮ ಅತ್ತೆ. ನಾಲ್ಕನೆಯ ತರಗತಿಗೇ ಶಾಲೆ ಬಿಟ್ಟವರು. ಅವರಿಗೆ ಅರ್ಥವಾದದ್ದರಿಂದ ನಷ್ಟವಾದದ್ದು ನನಗೆ.

ಅತ್ತೆ ಎಂದರೆ ಅಪ್ಪನ ಅಕ್ಕ. ಊರು ಕುಂದಾಪುರದ ಕಡೆ. ಮದುವೆಯಾಗಿ ಎಂಟು ವರ್ಷವಾದರೂ ಮಕ್ಕಳಾಗಲಿಲ್ಲವೆಂದು ಗಂಡ ಇನ್ನೊಂದು ಮದುವೆ ಮಾಡಿಕೊಂಡ. ಅತ್ತೆ ಜಗಳವಾಡದೆ ಒಂದು ಟ್ರಂಕು, ಒಂದು ಕಬ್ಬಿಣದ ಬಾಣಲೆ ಹಿಡಿದುಕೊಂಡು ಮದರಾಸಿನ ಕೋಡಂಬಾಕ್ಕಂನಲ್ಲಿದ್ದ ನಮ್ಮ ಬಾಡಿಗೆ ಮನೆಗೆ ಬಂದರು. ಅಪ್ಪನಿಗೆ ಆಗ ವಿಮಾ ಕಚೇರಿಯಲ್ಲಿ ಕೆಲಸ. ಅಡುಗೆಮನೆಯನ್ನು ಅತ್ತಿಗೆಗೆ ದೊಡ್ಡ ಮನಸ್ಸಿನಿಂದ ಬಿಟ್ಟುಕೊಟ್ಟೆ ಎಂದು ಅಮ್ಮ ಬಂದವರಿಗೆಲ್ಲ ಹೇಳುತ್ತಿದ್ದರು. ಬಿಟ್ಟುಕೊಟ್ಟ ದಿನದಿಂದ ಅಮ್ಮನ ಮುಖಕ್ಕೆ ಬಂದ ಕಳೆಯನ್ನು ನೋಡಿದರೆ ತ್ಯಾಗ ಇಷ್ಟು ಸುಖವಾಗಿರುತ್ತದೆಯೇ ಅನ್ನಿಸುತ್ತಿತ್ತು.

ಅತ್ತೆಯ ಸಾರಿನ ಪುಡಿ ನಮ್ಮ ಬಳಗದಲ್ಲಿ ಹೆಸರುವಾಸಿ. ನಮ್ಮ ಸೀಮೆಯವರೇ ಒಬ್ಬರು ಪಕ್ಕದ ರಸ್ತೆಯಲ್ಲಿ ಹೋಟೆಲು ಇಟ್ಟಿದ್ದರು. ಅವರು ಆ ಪುಡಿಯ ಹದ ಕೇಳಲು ವರ್ಷಕ್ಕೆ ಎರಡು ಸಲವಾದರೂ ಹಣ್ಣು, ವೀಳ್ಯದೆಲೆ ಸಮೇತ ಮನೆಗೆ ಬರುತ್ತಿದ್ದರು. ಅತ್ತೆ ಹಣ್ಣು ತೆಗೆದುಕೊಂಡು ಕಾಫಿ ಕೊಟ್ಟು ಕಳಿಸುತ್ತಿದ್ದರು. ಹದ ಹೇಳುತ್ತಿರಲಿಲ್ಲ. ಅವರ ತಾಯಿಯ ಮನೆಯಲ್ಲಿ ಅದು ಕಟ್ಟುನಿಟ್ಟಾದ ಪದ್ಧತಿ. ಪುಡಿಯ ಹದ ಹೋಗುವುದು ಮಗಳಿಗೆ, ಮಗಳಿಲ್ಲದಿದ್ದರೆ ಸೊಸೆಗೆ. ಬರೆದಿಡುವಂತಿಲ್ಲ, ಹೊರಗಿನವರ ಎದುರು ಹುರಿಯುವಂತಿಲ್ಲ. ಅತ್ತೆಗೆ ಮಗಳೂ ಇಲ್ಲ, ಸೊಸೆಯೂ ಇಲ್ಲ. ಹಾಗಾಗಿ ಅದು ತಮ್ಮ ಜೊತೆಗೇ ಮುಗಿಯುತ್ತದೆ ಎಂದು ಅವರು ನಂಬಿದ್ದರು. ಆ ಮಾತನ್ನು ಯಾರನ್ನೂ ದೂರದೆ, ನಲ್ಲಿಯಲ್ಲಿ ನೀರು ನಿಂತಿತು ಎಂದು ಹೇಳುವಷ್ಟೇ ಸಹಜವಾಗಿ ಹೇಳುತ್ತಿದ್ದರು.

ಅಮ್ಮ ಮಾತ್ರ ಧೈರ್ಯವಾಗಿದ್ದರು. ಅವರಿಗೆ ಇನ್ಯಾರಿದ್ದಾರೆ, ನಿನಗಲ್ಲದೆ ಯಾರಿಗೆ ಕೊಡುತ್ತಾರೆ ಎನ್ನುತ್ತಿದ್ದರು. ನಾನೂ ಹಾಗೇ ಅಂದುಕೊಂಡಿದ್ದೆ. ತಾನಾಗಿಯೇ ಬರುವುದನ್ನು ಯಾರಾದರೂ ಕೂತು ಕಲಿಯುತ್ತಾರೆಯೇ?

ಎಪ್ಪತ್ತರ ದಶಕದ ಕೊನೆಯಲ್ಲಿ ನಾನು ಬ್ಯಾಕ್ಟೀರಿಯಾಗಳ ಮೇಲೆ ಸಂಶೋಧನೆಗೆ ಸೇರಿದೆ. ಎರಡು ಬ್ಯಾಕ್ಟೀರಿಯಾಗಳು ಒಂದಕ್ಕೊಂದು ಅಂಟಿಕೊಂಡು, ನಡುವೆ ಸಣ್ಣ ಸೇತುವೆ ಕಟ್ಟಿಕೊಂಡು, ಒಂದು ತನ್ನ ಜೀನುಗಳನ್ನು ಇನ್ನೊಂದಕ್ಕೆ ದಾಟಿಸುವುದಕ್ಕೆ ಕಾಂಜುಗೇಷನ್ ಎಂದು ಹೆಸರು. ಕನ್ನಡದ ಪದಕೋಶದಲ್ಲಿ ಸಂಯುಗ್ಮನ ಎಂದಿತ್ತು. ಪ್ರಯೋಗಾಲಯದಲ್ಲಿ ನಾವು ಇವೆರಡನ್ನೂ ಬಿಟ್ಟು ಇಂಗ್ಲಿಷಿನಲ್ಲಿ ಮೇಟಿಂಗ್ ಎನ್ನುತ್ತಿದ್ದೆವು. ಕೊಡುವುದು ಗಂಡು, ಪಡೆಯುವುದು ಹೆಣ್ಣು. ಹೀಗೆ ಹೆಸರಿಟ್ಟವರು ಗಂಡಸರೇ ಇರಬೇಕು.

ಜೀನುಗಳು ದಾಟುವುದು ಗುಂಪಾಗಿ ಅಲ್ಲ, ಕ್ಯೂನಲ್ಲಿ. ಯಾವುದು ಮೊದಲು, ಯಾವುದು ಆಮೇಲೆ ಎಂದು ತಿಳಿಯಬೇಕಾದರೆ ಐದು ನಿಮಿಷಕ್ಕೊಮ್ಮೆ ಸ್ವಲ್ಪ ಸ್ವಲ್ಪ ದ್ರಾವಣ ತೆಗೆದು ಜೋರಾಗಿ ಕಲಕಿ ಜೋಡಿಗಳನ್ನು ಬೇರ್ಪಡಿಸಬೇಕು. ಅಷ್ಟರೊಳಗೆ ಏನೇನು ದಾಟಿದೆ ಎಂದು ನೋಡಬೇಕು. ಕಲಕುವ ಯಂತ್ರ ನಮ್ಮಲ್ಲಿ ಒಂದೇ ಇತ್ತು. ಮದರಾಸಿನ ಮೇ ತಿಂಗಳ ವೋಲ್ಟೇಜಿಗೆ ಅದು ಸುಟ್ಟುಹೋಯಿತು. ಹೊಸದಕ್ಕೆ ಅರ್ಜಿ ಹಾಕಿದರೆ ಅದು ನಾನು ನಿವೃತ್ತಳಾಗುವ ಹೊತ್ತಿಗೆ ಬರುವ ಸೂಚನೆ ಇತ್ತು. ಪ್ರೊಫೆಸರು, ಮನೆಯಲ್ಲಿ ಮಿಕ್ಸಿ ಇಲ್ಲವೇನಮ್ಮಾ ಎಂದರು.

ಇತ್ತು. ಅಪ್ಪ ಆ ವರ್ಷವೇ ತಂದಿದ್ದರು. ಅತ್ತೆ ಅದಕ್ಕೆ ಕುಂಕುಮ ಹಚ್ಚಿ, ಬಟ್ಟೆ ಹೊದಿಸಿ, ಮೂಲೆಯಲ್ಲಿ ಕೂರಿಸಿ ಒರಳಿನಲ್ಲಿಯೇ ಕುಟ್ಟುತ್ತಿದ್ದರು. ಮಿಕ್ಸಿಯಲ್ಲಿ ಪುಡಿ ಬಿಸಿಯಾಗಿ ಪರಿಮಳ ಹೋಗುತ್ತದೆಂದು ಅವರ ವಾದ. ಹಾಗಾಗಿ ನಾನು ಕೇಳಿದಾಗ ಬೇಡದ ನೆಂಟನನ್ನು ರೈಲು ಹತ್ತಿಸುವವರ ಹಾಗೆ ಕೂಡಲೇ ಒಪ್ಪಿದರು. ಒಂದೇ ಷರತ್ತು. ಅದರಲ್ಲಿ ಏನು ಹಾಕಿ ತಿರುಗಿಸುತ್ತೀ ಎಂದು ಹೇಳಬೇಕು.

ಹೇಳಿದೆ. ಟೆರೇಸಿನ ಮೇಲೆ ಚಾಪೆ ಹಾಸಿ ಅತ್ತೆ ಮೆಣಸಿನಕಾಯಿ ತೊಟ್ಟು ಮುರಿಯುತ್ತಿದ್ದರು. ಆ ಜೀವಿಗಳು ಮನುಷ್ಯರ ಕರುಳಿನಲ್ಲಿ ಇರುವಂಥವು ಎಂಬ ಭಾಗವನ್ನು ಮಾತ್ರ ನುಂಗಿಕೊಂಡೆ, ಮಡಿ ಹೆಂಗಸಿಗೆ ಅದು ಬೇಕಾಗಿರಲಿಲ್ಲ. ಮಿಕ್ಕಿದ್ದನ್ನೆಲ್ಲ ಗಂಡು, ಹೆಣ್ಣು, ಸೇತುವೆ ಎಂದು ಸುಲಭ ಮಾಡಿ ಹೇಳಿದೆ. ಅತ್ತೆ ಕೇಳಿದ ಮೊದಲ ಪ್ರಶ್ನೆಯೇ ನನ್ನನ್ನು ತಡೆದು ನಿಲ್ಲಿಸಿತು.

"ಮತ್ತೆ ಮಕ್ಕಳು?"

ಮಕ್ಕಳಾಗುವುದಿಲ್ಲ ಎಂದೆ. ಎರಡು ಸೇರುತ್ತವೆ, ಎರಡೇ ಬಿಟ್ಟುಹೋಗುತ್ತವೆ. ಮರಿ ಮಾಡಬೇಕೆಂದರೆ ಪ್ರತಿಯೊಂದೂ ತಾನೇ ಸೀಳಿ ಎರಡಾಗುತ್ತದೆ, ಅದಕ್ಕೆ ಜೊತೆಯೇ ಬೇಡ. ಇದು ಬೇರೆ. ಸಂಬಂಧವಿಲ್ಲದ್ದಕ್ಕೂ, ಒಮ್ಮೊಮ್ಮೆ ಬೇರೆ ಜಾತಿಯದಕ್ಕೂ ತನ್ನ ಗುಣವನ್ನು ದಾಟಿಸುವುದು, ಅಷ್ಟೇ.

"ಮಕ್ಕಳೇ ಇಲ್ಲದ ಮೇಲೆ ಅದಕ್ಕೆ ಗಂಡು ಹೆಣ್ಣು ಅಂತ ಯಾಕೆ ಹೇಳುದು ಮಾರಾಯ್ತಿ?" ಎಂದರು ಅತ್ತೆ.

ಪುಸ್ತಕದಲ್ಲಿ ಹಾಗೇ ಇದೆ ಎಂದೆ. ಆ ಪ್ರಶ್ನೆಗೆ ನನ್ನ ಪ್ರೊಫೆಸರ ಬಳಿಯೂ ಇದಕ್ಕಿಂತ ಒಳ್ಳೆಯ ಉತ್ತರ ಇರಲಿಲ್ಲ ಎಂದು ಆಮೇಲೆ ತಿಳಿಯಿತು.

ಅತ್ತೆ ಇನ್ನೊಂದು ಹಿಡಿ ಮೆಣಸಿನಕಾಯಿಯ ತೊಟ್ಟು ಮುರಿದರು. ಮತ್ತೆ, ಕೊಟ್ಟವನ ಹತ್ತಿರ ಖಾಲಿಯಾಗುತ್ತದೆಯೇ ಎಂದು ಕೇಳಿದರು. ಇಲ್ಲ, ತನ್ನದೊಂದು ಇಟ್ಟುಕೊಂಡೇ ಕೊಡುತ್ತದೆ ಎಂದೆ. ಪಡೆದದ್ದು ಬೇರೆಯವರಿಗೆ ಕೊಡಬಹುದೇ ಎಂದರು. ಕೊನೆಯವರೆಗೂ ಅಂಟಿಕೊಂಡಿದ್ದರೆ ಕೊಡಬಹುದು ಎಂದೆ. ನನ್ನ ಪ್ರಯೋಗದಲ್ಲಿ ಕೊಡುವ ಶಕ್ತಿ ದಾಟುವುದು ಕಟ್ಟಕಡೆಗೆ. ಅಷ್ಟು ಹೊತ್ತು ಹೆಚ್ಚಿನ ಜೋಡಿಗಳು ನಿಲ್ಲುವುದಿಲ್ಲ, ನಡುವೆಯೇ ಬಿಟ್ಟುಹೋಗುತ್ತವೆ. ಹಾಗೆ ಎದ್ದುಹೋದದ್ದಕ್ಕೆ ಮೊದಲಿನ ನಾಲ್ಕು ಗುಣ ಸಿಕ್ಕರೂ ಕೊಡುವ ಯೋಗ್ಯತೆ ಬರುವುದಿಲ್ಲ.

"ಹಾಗಾದರೆ ಮಕ್ಕಳಿಲ್ಲದಿದ್ದರೂ ದಾಟಿಸ್ಬಹುದು ಅಂತಾಯ್ತು" ಎಂದರು ಅತ್ತೆ. ನನ್ನನ್ನು ನೋಡಿ ಹೇಳಲಿಲ್ಲ. ನಾನು ಶಿಷ್ಯೆಯ ಬುದ್ಧಿವಂತಿಕೆಗೆ ಹಿಗ್ಗಿ, ಹೌದು ಅತ್ತೆ, ಅದೇ ವಿಷಯ ಎಂದೆ. ಆಗ ಟೆರೇಸಿನ ಗೋಡೆಯ ಬಳಿ, ನಮ್ಮ ಕಟ್ಟಡದಲ್ಲೇ ಎದುರು ಮನೆಯಲ್ಲಿದ್ದ ತಮಿಳರ ಸೊಸೆ ಬಟ್ಟೆ ಒಣಹಾಕುತ್ತಿದ್ದಳು. ಮದುವೆಯಾಗಿ ಆರೇಳು ತಿಂಗಳಾಗಿತ್ತಷ್ಟೇ. ಅವಳನ್ನು ನಾನು ಲೆಕ್ಕಕ್ಕೇ ತೆಗೆದುಕೊಳ್ಳಲಿಲ್ಲ.

ಮಿಕ್ಸಿ ಪ್ರಯೋಗಾಲಯಕ್ಕೆ ಹೋಯಿತು, ಹಿಂದಿರುಗಿ ಬರಲಿಲ್ಲ. ಯಾರೂ ಕೇಳಲಿಲ್ಲ. ನನ್ನ ಪ್ರಬಂಧ ಮುಗಿಯಿತು. ಕನ್ನಡ ಸಂಘದ ಸ್ಮರಣ ಸಂಚಿಕೆಗೆ ಸಂಯುಗ್ಮನದ ಬಗ್ಗೆ ಲೇಖನವನ್ನೂ ಬರೆದೆ. ಅಪ್ಪ ಅದನ್ನು ಪದಕೋಶ ಹಿಡಿದು ಓದಿ, ಕನ್ನಡ ಚೆನ್ನಾಗಿದೆ, ವಿಷಯ ಮಾತ್ರ ತಿಳಿಯಲಿಲ್ಲ ಎಂದರು.

ಎಂಬತ್ತರ ದಶಕದ ಮೊದಲಲ್ಲಿ ನನಗೆ ಮಾಧವರಂನಲ್ಲಿ ಹಾಲು ಪರೀಕ್ಷಿಸುವ ಕೆಲಸ ಸಿಕ್ಕಿತು. ಕೋಡಂಬಾಕ್ಕಂನಿಂದ ಎರಡು ಬಸ್ಸು. ಆ ಹೊತ್ತಿಗೆ ಅತ್ತೆಗೆ ಎದೆನೋವು ಶುರುವಾಗಿತ್ತು. ಅಮ್ಮ ಕೊನೆಗೂ ಗಾಬರಿಯಾಗಿ, ಇನ್ನು ತಡಮಾಡಬೇಡ, ಕಲಿತುಬಿಡು ಎಂದು ಹಿಂದೆ ಬಿದ್ದರು. ಅತ್ತೆ ಒಪ್ಪಿದರು. ನಾಳೆ ಬೆಳಿಗ್ಗೆ ಹುರಿಯುತ್ತೇನೆ, ಬಂದು ಕೂತ್ಕೊ ಎಂದರು.

ನಾನು ಕೈಗಡಿಯಾರ ಕಟ್ಟಿಕೊಂಡೇ ಹೋಗಿ ಕೂತೆ. ಕೊತ್ತಂಬರಿ ಎಷ್ಟು, ಯಾವ ಬಣ್ಣಕ್ಕೆ ಬರಬೇಕು. ಮೆಣಸಿನಕಾಯಿಗೆ ಎಷ್ಟು ತೆಂಗಿನೆಣ್ಣೆ. ಜೀರಿಗೆ ಯಾವಾಗ ಸಿಡಿಯುವುದನ್ನು ನಿಲ್ಲಿಸುತ್ತದೆ. ಎಲ್ಲವನ್ನೂ ಕಣ್ಣಲ್ಲಿ ಕಣ್ಣಿಟ್ಟು ನೋಡಿದೆ. ಅತ್ತೆ ಒಲೆ ಆರಿಸಿದರು. ನಾನು ಎದ್ದೆ.

"ಎಂತ ಅವಸರ ಮಾರಾಯ್ತಿ, ಇನ್ನು ಸ್ವಲ್ಪ ಕೂತ್ಕೊ" ಎಂದರು.

ಒಲೆ ಆರಿದ ಮೇಲೆ ಇನ್ನೇನಿದೆ, ಕುಟ್ಟುವುದು ತಾನೇ ಎಂದುಕೊಂಡೆ. ಬಸ್ಸು ಹೋಗಿಬಿಡುತ್ತದೆ, ನಾಳೆ ನೋಡುತ್ತೇನೆ ಅತ್ತೆ ಎಂದು ಹೊರಟೆ. ಆ ವರ್ಷ ಇನ್ನೂ ಎರಡು ಸಲ ಹೀಗೇ ಕೂತಿದ್ದೇನೆ. ಎರಡು ಸಲವೂ ಒಲೆ ಆರುವುದೇ ತಡ, ಎದ್ದಿದ್ದೇನೆ. ನಡುವೆ ಎದ್ದುಹೋಗುವ ಜೋಡಿಗಳ ಬಗ್ಗೆ ಇನ್ನೂರು ಪುಟ ಬರೆದವಳು ನಾನು.

ಅತ್ತೆ ಒಂದು ಮಧ್ಯಾಹ್ನ ಟೆರೇಸಿನಿಂದ ಮೆಣಸಿನಕಾಯಿ ಚಾಪೆ ಮಡಿಸಿ ತಂದು, ಬಾಗಿಲ ಬಳಿ ಕೂತವರು ಏಳಲಿಲ್ಲ. ಹದಿಮೂರನೆಯ ದಿನದ ಊಟಕ್ಕೆ ಹೋಟೆಲಿನವರೇ ಅಡುಗೆ ಮಾಡಿಸಿ ಕಳಿಸಿದರು. ಹದ ಹೋಯಿತಲ್ಲ ಎಂದು ಅವರು ನಿಜವಾಗಿಯೂ ಕಣ್ಣೀರು ಹಾಕಿದರು.

ಡಬ್ಬಿಯಲ್ಲಿದ್ದ ಪುಡಿ ಒಂದು ತಿಂಗಳು ಬಂತು. ಆಮೇಲೆ ನಾನು ಹುರಿದೆ. ಎಲ್ಲವೂ ಇತ್ತು, ಅತ್ತೆಯ ಅದೇ ಬಾಣಲೆ, ಅದೇ ಎಣ್ಣೆ. ಮೆಂತೆ ಹಾಕುತ್ತಾರೆಂದು ಗೊತ್ತಿತ್ತು, ಯಾವಾಗ ಎಂದು ನೋಡಿದ ನೆನಪಿರಲಿಲ್ಲ. ಜೀರಿಗೆಯ ಜೊತೆಗೇ ಹಾಕಿದೆ. ಸಾರು ಕಹಿಯಾಯಿತು. ಎರಡನೆಯ ಸಲವೂ ಕಹಿ. ಮೂರನೆಯ ಸಲ ಅಪ್ಪ ಒಂದು ತುತ್ತು ಉಂಡು, ಮಜ್ಜಿಗೆ ಬಡಿಸು ಎಂದರು. ಆ ರಾತ್ರಿ ಪಾತ್ರೆ ತೊಳೆಯುತ್ತಾ ನನಗೆ ಅಳು ತಡೆಯಲಾಗಲಿಲ್ಲ. ಅತ್ತೆ ಸತ್ತ ದಿನವೂ ಅಷ್ಟು ಅತ್ತಿರಲಿಲ್ಲ. ಅವರು ಮುಗಿಯುತ್ತದೆ ಎಂದದ್ದು ನನ್ನ ಕೈಯಲ್ಲೇ ಮುಗಿದಿತ್ತು.

ಕೆಲವು ವಾರಗಳ ಮೇಲೆ ಒಂದು ಬೆಳಿಗ್ಗೆ ಬಸ್ಸಿಗೆ ಹೊರಟವಳು ಮೆಟ್ಟಿಲ ಮೇಲೆ ನಿಂತುಬಿಟ್ಟೆ. ಪರಿಮಳ ಎದುರು ಮನೆಯಿಂದ ಬರುತ್ತಿತ್ತು. ಸಂಶಯವೇ ಇರಲಿಲ್ಲ. ಇಪ್ಪತ್ತು ವರ್ಷ ನಮ್ಮ ಮನೆಯ ಗೋಡೆಗೆ ಅಂಟಿದ್ದ ವಾಸನೆ ಅದು.

ಬಾಗಿಲು ತೆರೆದೇ ಇತ್ತು. ಸೊಸೆ ಒಲೆಯ ಮುಂದಿದ್ದಳು. ನನಗೆ ಮೊದಲು ಬಂದದ್ದು ಸಂತೋಷವಲ್ಲ, ಸಿಟ್ಟು. ನಮ್ಮ ಮನೆಯದನ್ನು ಇವಳು ಯಾವಾಗ ಎತ್ತಿಕೊಂಡಳು? ನನ್ನ ಮುಖ ನೋಡಿಯೇ ಅವಳಿಗೆ ಅರ್ಥವಾಗಿರಬೇಕು. ಹೆದರದೆ ತಮಿಳಿನಲ್ಲಿ ಎಲ್ಲ ಹೇಳಿದಳು. ಮಾಮಿಯೇ, ಎಂದರೆ ನಮ್ಮ ಅತ್ತೆಯೇ, ಕರೆದು ಕಲಿಸಿದರಂತೆ. ನಾನು ಮಿಕ್ಸಿ ಒಯ್ದ ವಾರದಿಂದಲೇ. ಮಧ್ಯಾಹ್ನ ಎರಡೂ ಮನೆಯ ಗಂಡಸರೆಲ್ಲ ಹೊರಗೆ ಹೋದ ಮೇಲೆ, ನಮ್ಮ ಅಮ್ಮ ಮಲಗಿದ ಮೇಲೆ, ಇಬ್ಬರೂ ಒಟ್ಟಿಗೆ ಹುರಿಯುತ್ತಿದ್ದರಂತೆ. ಇವಳಿಗೆ ಕನ್ನಡ ಬಾರದು, ಅತ್ತೆಯ ತಮಿಳು ತರಕಾರಿಯವನಿಗಷ್ಟೇ ಸಾಕಾಗುವಂಥದ್ದು. ಆದರೆ ಇವಳಿಗೆ ಹಿಡಿಯಬೇಕಾದ ಬಸ್ಸು ಇರಲಿಲ್ಲ. ಕೊನೆಯವರೆಗೂ ಕೂತಿದ್ದಳು.

ಕೇಳಿದವರಿಗೆಲ್ಲ ಕೊಡು, ಕೊಟ್ಟರೆ ಖಾಲಿಯಾಗುವುದಿಲ್ಲ ಎಂದು ಮಾಮಿ ಹೇಳಿದ್ದರಂತೆ. ಅಡ್ಯಾರ್‌ನಲ್ಲಿರುವ ತಂಗಿಗೆ ಕಲಿಸಿಯಾಗಿದೆ, ತಂಗಿ ತನ್ನ ನಾದಿನಿಗೂ ಹೇಳಿಕೊಟ್ಟಿದ್ದಾಳೆ ಎಂದಳು. ನಿನಗೆ ಗೊತ್ತೇ ಇರುತ್ತದೆ ಎಂದುಕೊಂಡೆ ಅಕ್ಕಾ, ನೀನು ಮನೆಯವಳಲ್ಲವೇ ಎಂದಳು. ಅದರಲ್ಲಿ ಕೊಂಕು ಇರಲಿಲ್ಲ. ಅದೇ ಇನ್ನೂ ಕಷ್ಟವಾಯಿತು.

ನನಗೆ ಮೆಂತೆ ತಿಳಿಯದು ಎಂದೆ. ಯಾವ ಪರೀಕ್ಷಕರ ಎದುರೂ ನಾನು ತಿಳಿಯದು ಎಂದವಳಲ್ಲ.

ಅವಳು ಜೀರಿಗೆ ಹುರಿದು ತೆಗೆದು ಒಲೆ ಆರಿಸಿದಳು. ನನ್ನ ಕೈ ತಾನಾಗಿ ಚೀಲದ ಹಿಡಿಗೆ ಹೋಯಿತು. ಬಾಣಲೆ ಇನ್ನೂ ಕಾದಿತ್ತು. ಅದರ ಉಳಿದ ಬಿಸಿಗೆ ಅವಳು ಅರ್ಧ ಹಿಡಿ ಮೆಂತೆ ಸುರಿದು, ಮೆಲ್ಲಗೆ ಕೈಯಾಡಿಸುತ್ತಾ, ನನ್ನ ಕಡೆ ತಿರುಗದೆ, ಮಂತ್ರ ಒಪ್ಪಿಸಿದ ಹಾಗೆ ಹೇಳಿದಳು. ತಮಿಳಿನಲ್ಲಲ್ಲ. ಅವಳಿಗೆ ಬರುತ್ತಿದ್ದ ಅಷ್ಟೂ ಕನ್ನಡ ಅದೇ. ಕುಂದಾಪುರದ ರಾಗ, ಅತ್ತೆಯ ಎಳೆತ, ಎಲ್ಲ ಹಾಗೇ ಇತ್ತು.

"ಒಲೆ ಆರಿದ ಮೇಲೆ ಮೆಂತೆ. ಎಂತ ಅವಸರ ಮಾರಾಯ್ತಿ, ಇನ್ನು ಸ್ವಲ್ಪ ಕೂತ್ಕೊ."

ಚೀಲ ಕೆಳಗಿಟ್ಟು ಕೂತೆ. ಬಾಣಲೆ ತಣ್ಣಗಾಗುವವರೆಗೂ ಏಳಲಿಲ್ಲ.