ಮಗ್ಗದ ಗುಂಡಿಯ ಮೇಲೆ ಕಟ್ಟಿದ ಕಚೇರಿ

ನೀಲಮ್ಮಕ್ಕಾ, ಅದು ಕಸದ ಗುಂಡಿಯಲ್ಲ, ನಿಮ್ಮ ಮನೆಯ ಮಗ್ಗದ ಗುಂಡಿ ಎಂದು ನೋಡಿದ ಕೂಡಲೇ ನನಗೆ ಗೊತ್ತಾಗಿತ್ತು. ಗೊತ್ತಿದ್ದೇ ಸುಳ್ಳು ಹೇಳಿದೆ.

ಮಕ್ತಲ್‌ನಲ್ಲಿ ಸರ್ಕಾರಿ ಕಚೇರಿ ಕಟ್ಟಲು ಜಾಗ ಅಳೆಯುತ್ತಿದ್ದ ದಿನ. ನಕ್ಷೆ ಬರೆದ ಇಂಜಿನಿಯರ್ ಸಾಹೇಬರು ಹೈದರಾಬಾದಿನವರು, ಕನ್ನಡ ಬಾರದು. ನಿಮ್ಮ ಮಾತನ್ನು ಅವರಿಗೆ ಉರ್ದುವಿನಲ್ಲಿ ಮುಟ್ಟಿಸುವ ಗುಮಾಸ್ತ ನಾನು. ನಮ್ಮ ವಂಶಕ್ಕೇ ಮೊದಲ ಬಿ.ಎ. — ಹೊಸ ಶೇರವಾನಿ, ಹೊಸ ಬೂಟು. ನಿಮ್ಮ ಗಂಡ ತೀರಿ, ಮನೆ ಬಿದ್ದು, ಉಳಿದದ್ದು ಆ ಗುಂಡಿಯೊಂದೇ.

"ಕಾಗದ ಇಲ್ರಿ ನನ್ನ ಕಡೆ. ಈ ಕುಣ್ಯಾಗ ಕಾಲು ಇಳಿಬಿಟ್ಟು ಕುಂತು ನೋಡ್ರಿ. ನನ್ನ ಗಂಡ ಸೀರಿ ನೇದ ಜಾಗ ಐತ್ರಿ ಇದು" ಎಂದಿರಿ.

ಸಾಹೇಬರು ಕೆಟ್ಟವರಲ್ಲ. ಯಾರಾದರೂ ಬಾಳಿದ ಗುರುತಿದ್ದರೆ ಕಟ್ಟಡವನ್ನು ಪಕ್ಕಕ್ಕೆ ಸರಿಸೋಣ ಎಂದು ಆಗಲೇ ಹೇಳಿದ್ದರು. ನನ್ನತ್ತ ತಿರುಗಿ, "ಯೇ ಗಡ್ಢಾ ಕಾಯ್ಕಾ ಜೀ?" ಎಂದರು. ಈ ಗುಂಡಿ ಯಾವುದರದ್ದು ಎಂದು.

ಮಗ್ಗದ್ದು ಎಂದಿದ್ದರೆ — ನಿನಗೆ ಹೇಗೆ ಗೊತ್ತು ಎಂದು ಕೇಳುತ್ತಿದ್ದರು. ನಾರಾಯಣಪೇಟೆಯಲ್ಲಿ ನನ್ನಪ್ಪ ಇಂಥದೇ ಗುಂಡಿಯಲ್ಲಿ ಕೂತು... ಸಾಹೇಬರ ಮುಂದೆ ಅದನ್ನು ಹೇಳಿಕೊಳ್ಳಲು ನಾಚಿದೆ.

"ಕಚರೇ ಕಾ, ಸಾಬ್" ಎಂದೆ. ಕಸದ್ದು.

ಅಷ್ಟು ಉರ್ದು ನಿಮಗೆ ತಿಳಿಯುತ್ತಿತ್ತು. ನೀವು ಅಳಲಿಲ್ಲ, ನೇಕಾರರ ಮನೆಯವನೆಂದು ಹೇಗೆ ಗುರುತಿಸಿದಿರೋ, ನನ್ನ ಕಾಲನ್ನೇ ನೋಡಿದಿರಿ. "ಬೂಟು ಹಾಕ್ಕೊಂಡ್ರ ಕಾಲು ಮರಿತಾವೇನ್ ತಮ್ಮಾ?"

ಗುಂಡಿ ಮುಚ್ಚಿ ಕಲ್ಲು ಹಾಸಿದರು. ಕಚೇರಿ ಎದ್ದಾಗ ನನ್ನ ಮೇಜು ಸರಿಯಾಗಿ ಅಲ್ಲಿಗೇ ಬಂತು. ಹೊರಗೆ ಬೆಂಕಿಯಂಥ ಬಿಸಿಲು, ಮೇಜಿನ ಕೆಳಗೆ ಮಾತ್ರ ಮೊಣಕಾಲಿನ ತನಕ ಹಸಿಮಣ್ಣಿನ ತಂಪು. ಮೂರು ಸಲ ಮೇಜು ಸರಿಸಿದೆ. ತಂಪೂ ಸರಿಯಿತು. ಆಮೇಲೆ ಕಾಲು — ಬರೆಯುತ್ತಿದ್ದಂತೆ ಮಗ್ಗದ ಹಲಗೆ ಮೆಟ್ಟಿದ ಹಾಗೆ ಎಡಗಾಲು ತುಳಿಯುತ್ತದೆ, ಬಲಗಾಲು ಏಳುತ್ತದೆ. ನಾನು ತುಳಿದದ್ದಲ್ಲ.

"ಏನ್ರೀ ಅದು ಟಕಟಕ? ಮೇಜಿನ ಕೆಳಗ ಸೀರಿ ನೇಯಾಕ ಹತ್ತೀರೇನು?" ಎಂದು ಒಂದು ಮಧ್ಯಾಹ್ನ ಜವಾನ ನಕ್ಕ.

ಆ ದಿನ ಬೂಟು ಕಳಚಿ ಕೂತಿದ್ದೆ. ಬರಿಗಾಲಿಗೆ ಅಂಥ ಸದ್ದು ಬರುವುದಿಲ್ಲ. ಕಾಲು ಊರಲು ನೋಡಿದೆ — ಕಲ್ಲು ಸಿಗಲಿಲ್ಲ.

ಹದಿನೆಂಟು ವರ್ಷ ಹೀಗೇ ಕೂತೆ, ಅಕ್ಕಾ. ನೀವು ಗದ್ವಾಲದಲ್ಲಿ ಕಂಡವರ ಮಗ್ಗಕ್ಕೆ ನೂಲು ಸುತ್ತುತ್ತಿದ್ದೀರಿ ಎಂದು ಕೇಳಿದ್ದೇನೆ. ನಾಳೆ ಮೇಲಧಿಕಾರಿಗಳಿಗೆ ಹೇಳಿಕೆ ಬರೆದುಕೊಡುತ್ತೇನೆ — ಗುಂಡಿ ಎಲ್ಲಿತ್ತು, ನಾನು ಏನೆಂದೆ, ಎಲ್ಲ. ನಿಮಗೆ ಜಾಗಕ್ಕೆ ಜಾಗ ಕೊಟ್ಟಾರು, ಕೊಡದೆಯೂ ಇದ್ದಾರು. ನನ್ನ ನೌಕರಿಯಂತೂ ಹೋಗುತ್ತದೆ. ಸಹಿಯ ಮುಂದೆ ಬಿ.ಎ. ಹಾಕುತ್ತೇನೆ, ಹೊಟ್ಟೆ ಕಟ್ಟಿ ಗಳಿಸಿದ್ದು ಅದು. ಅದರ ಕೆಳಗೆ, ಮೊದಲ ಸಲ, ನೇಕಾರ ಈರಣ್ಣನ ಮಗ ಎಂದೂ ಬರೆಯುತ್ತೇನೆ.

ಇಷ್ಟು ಬರೆಯುವಷ್ಟರಲ್ಲಿ ಎಡಗಾಲು ಮತ್ತೆ ತುಳಿಯಿತು. ಈ ಸಲ ನಾನು ಅದನ್ನು ತಡೆಯಲಿಲ್ಲ.