ಚುಕ್ಕಿ ಈರಯ್ಯನ ಕೈಗಳು

ಕೊಲ್ಲಿ ದೇಶದ ಫಹಾಹೀಲ್ ಪಟ್ಟಣದ ಕನ್ನಡಿಗರಿಗೆ ಈರಯ್ಯ ಅಂದರೆ ಮೊದಲು ನೆನಪಾಗುತ್ತಿದ್ದದ್ದು ಅವನ ಕೈ, ಮುಖ ಆಮೇಲೆ. ರೋಣದ ಕಡೆಯ ಪೈಪ್ ಫಿಟ್ಟರ್. ವರ್ಷಗಟ್ಟಲೆ ಕಬ್ಬಿಣ ತಿರುವಿ ತಿರುವಿ ಅಂಗೈ ಹಲಗೆಯಾಗಿತ್ತು, ಮತ್ತು ಆ ಹಲಗೆ ಬಾಯಿಗಿಂತ ಮುಂಚೆ ಮಾತಾಡುತ್ತಿತ್ತು. ಕಂಪನಿ ಬಸ್ಸಿನ ಕಿಟಕಿ ಸೀಟಿಗಾಗಿ ಒಬ್ಬನ ಮೂಗು ಒಡೆದಿದ್ದ. ಶುಕ್ರವಾರದ ಕ್ರಿಕೆಟ್‌ನಲ್ಲಿ ತನಗೆ ಔಟ್ ಕೊಟ್ಟ ಅಂಪೈರನ ಬೆನ್ನಿಗೆ ಸ್ಟಂಪ್ ಕಿತ್ತು ಬಾರಿಸಿದ್ದ. ಹೊಡೆಯುವ ಮುಂಚೆ ಬೈಯುವುದಿಲ್ಲ, ಗುರಾಯಿಸುವುದಿಲ್ಲ. ಎಡಗಾಲು ಒಂದು ಹೆಜ್ಜೆ ಮುಂದೆ ಬರುತ್ತಿತ್ತು, ಅಷ್ಟೇ. ಆ ಎಡಗಾಲನ್ನು ಕಂಡವರು ಓಡುತ್ತಿದ್ದರು, ಕಾಣದವರು ಆಸ್ಪತ್ರೆಗೆ ಹೋಗುತ್ತಿದ್ದರು.

ಇಂಥವನ ಹೆಸರಿಗೆ ಚುಕ್ಕಿ ಅಂಟಿಕೊಂಡದ್ದೂ ಒಂದು ಜಗಳದಿಂದಲೇ. ಪಶ್ಚಿಮದ ಮರಳಿನಲ್ಲಿ, ಯಾವ ಊರಿನ ದೀಪವೂ ಕಾಣದ ಕಡೆ, ಅವರ ಕ್ಯಾಂಪ್ ಇತ್ತು. ಒಂದು ರಾತ್ರಿ ಜನರೇಟರ್ ಕೆಟ್ಟಿತು. ಆಪರೇಟರನಿಗೆ ನಾಲ್ಕು ಬಿಗಿಯಲೆಂದೇ ಹೊರಗೆ ಬಂದ ಈರಯ್ಯ ಅಲ್ಲೇ ನಿಂತುಬಿಟ್ಟ. ಆಕಾಶ ತುಂಬ ಚುಕ್ಕಿ ಸುರಿದಿತ್ತು. ತಲೆ ಪೂರ್ತಿ ಹಿಂದಕ್ಕೆ ಬಾಗಿಸಿ ಮೇಲೆ ನೋಡುವವನ ಕೈಗಳು ತಾವಾಗಿಯೇ ಬೆನ್ನ ಹಿಂದೆ ಹೋಗಿ ಒಂದನ್ನೊಂದು ಹಿಡಿದುಕೊಳ್ಳುತ್ತವೆ. ಬೇಕಾದರೆ ನೀವೇ ನಿಂತು ನೋಡಿ. ಈರಯ್ಯನ ಕೈಗಳಿಗೆ ಜೀವನದಲ್ಲಿ ಮೊದಲ ಸಲ ಒಂದು ಜಾಗ ಸಿಕ್ಕಿತು. ಆಪರೇಟರ್ ಆ ರಾತ್ರಿ ಬಚಾವಾದ.

ಆಮೇಲೆ ಚಳಿಗಾಲ ಬಂತೆಂದರೆ ಗುರುವಾರದ ರಾತ್ರಿಗಳೆಲ್ಲ ಚುಕ್ಕಿಗಳ ಪಾಲಾದವು. ಮೊದಲು ಒಬ್ಬನೇ ಹೋಗುತ್ತಿದ್ದ, ಆಮೇಲೆ ಸ್ನೇಹಿತರನ್ನು ಕರೆದೊಯ್ದ, ಕೊನೆಗೆ ಅಮಾವಾಸ್ಯೆ ಹತ್ತಿರವಾದಾಗಲೆಲ್ಲ ಹತ್ತು ಹನ್ನೆರಡು ಜನರನ್ನು ಮುತ್ಲಾ ದಿಬ್ಬದ ಮೇಲೆ ನಡೆಸಿಕೊಂಡು ಹೋಗುವುದು ಅವನ ಎರಡನೇ ಕಸುಬೇ ಆಯಿತು. ಜೊತೆಗೆ ರುಡಾಲ್ಫ್ ಇರುತ್ತಿದ್ದ. ಮಂಗಳೂರು ಕಡೆಯ ಈ ಮೆದು ಮನುಷ್ಯ ಆಸ್ಪತ್ರೆಯೊಂದರ ಆಫೀಸಿನಲ್ಲಿ ಗುಮಾಸ್ತ. ಕ್ಯಾಮೆರಾ, ಲೆನ್ಸು, ಟ್ರೈಪಾಡುಗಳೆಲ್ಲ ಅವನವು. ಈರಯ್ಯ ರೋಹಿಣಿ ಕೃತ್ತಿಕೆ ತೋರಿಸುವನು, ರುಡಾಲ್ಫ್ ಅವನ್ನು ಫೋಟೊದಲ್ಲಿ ಹಿಡಿಯುವುದನ್ನು ಕಲಿಸುವನು.

ಈರಯ್ಯನ ಕಟ್ಟಳೆ ಒಂದೇ. ಕೆಂಪು ದೀಪ ಬಿಟ್ಟು ಬೇರೆ ದೀಪ ಹಚ್ಚಬಾರದು. ಕತ್ತಲೆಗೆ ಕಣ್ಣು ಪಳಗಲು ಅರ್ಧ ಗಂಟೆ ಬೇಕು, ಕೆಡಲು ಒಂದು ಬಿಳಿ ಬೆಳಕು ಸಾಕು; ಅದು ಬಿದ್ದಮೇಲೆ ಮನುಷ್ಯ ಮತ್ತೆ ಕುರುಡ. ಅದಕ್ಕೇ ಅವನು ಮಗಳಿಗೆ ಒಂದು ಉಪಾಯ ಹೇಳಿಕೊಟ್ಟಿದ್ದ. ಯಾರಾದರೂ ದೀಪ ಹಚ್ಚಿದರೆ ಒಂದು ಕಣ್ಣು ಗಟ್ಟಿ ಮುಚ್ಚಿಕೋ. ದೀಪ ಆರಿದಮೇಲೆ ಆ ಕಣ್ಣು ತೆರೆ, ಉಳಿದವರಿಗೆ ಕಾಣದ್ದು ನಿನಗೆ ಕಾಣುತ್ತದೆ.

ಮಗಳು ಸ್ನೇಹಾ ಈ ಪಾಠವನ್ನು ಕಲಿತದ್ದು ಸುಲಭಕ್ಕಲ್ಲ. ಚಿಕ್ಕವಳಿದ್ದಾಗ ದಿಬ್ಬದ ಮೇಲೆ ಆಟಕ್ಕೆಂದು ಬಿಳಿ ಟಾರ್ಚ್ ಹಚ್ಚಿದ್ದಳು. ಎಡಗಾಲು ಮುಂದೆ ಬಂತು, ಮಗುವಿನ ಕೆನ್ನೆಯ ಮೇಲೆ ಬೆರಳುಗಳು ಮೂಡಿದವು. ಅವಳು ಅಳಲಿಲ್ಲ. ಅಪ್ಪನ ಮುಖವನ್ನೇ ನೋಡುತ್ತ ನಿಂತಳು. ಆ ನೋಟ ಈರಯ್ಯನಿಗೆ ಎಷ್ಟೋ ವರ್ಷ ನಿದ್ದೆ ಕೊಡಲಿಲ್ಲ. ಅವಳ ಮೇಲೆ ಮತ್ತೆ ಕೈ ಎತ್ತಲಿಲ್ಲವೆಂಬುದು ನಿಜ, ಹೊರಗಿನವರ ಮೇಲೆ ಎತ್ತುವುದನ್ನು ಬಿಡಲಿಲ್ಲವೆಂಬುದೂ ನಿಜ.

ಬಿಡುವಂತೆ ಮಾಡಿದವನು ರವಿಕಿರಣ. ಈರಯ್ಯನ ಕಂಪನಿಯಲ್ಲೇ ಸೈಟ್ ಎಂಜಿನಿಯರ್, ಹುಬ್ಬಳ್ಳಿಯವನು. ಯುಗಾದಿಯ ದಿನ ಕನ್ನಡದವರೆಲ್ಲ ಸೇರಿದ್ದ ಹಾಲ್‌ನಲ್ಲಿ ಹೋಳಿಗೆಯ ಸಾಲಿನಲ್ಲಿ ಈರಯ್ಯ ಮುಂದೆ ನಿಂತಿದ್ದ. ರವಿಕಿರಣ ಅವನ ಹೆಗಲು ಹಿಡಿದು ಪಕ್ಕಕ್ಕೆ ಸರಿಸಿ, "ಫಿಟ್ಟರ್ ಮಂದಿ ಆಮ್ಯಾಲ ಉಣ್ಣಲಿ" ಎಂದು ನಕ್ಕ. ನಗು ಮುಗಿಯುವ ಮುಂಚೆ ಅವನ ಮುಂದಿನ ಎರಡು ಹಲ್ಲು ಹೋಳಿಗೆಯ ತಟ್ಟೆಯಲ್ಲಿದ್ದವು.

ಪೊಲೀಸ್ ಬಂತು. ಹಿರಿಯರು ಓಡಾಡಿದರು. ಯಾವ ದೇವರು ಬುದ್ಧಿ ಕೊಟ್ಟನೋ, ರವಿಕಿರಣ ದೂರು ಹಿಂತೆಗೆದುಕೊಂಡ. ಆದರೆ ಠಾಣೆಯಲ್ಲಿ ಈರಯ್ಯನಿಂದ ಮುಚ್ಚಳಿಕೆ ಬರೆಸಿಕೊಂಡರು. ಇನ್ನೊಮ್ಮೆ ಕೈ ಎತ್ತಿದರೆ ಜೈಲು, ಆಮೇಲೆ ಗಡೀಪಾರು, ಮತ್ತೆ ಈ ದೇಶಕ್ಕೆ ಕಾಲಿಡುವಂತಿಲ್ಲ. ಇದು ಊರಿಗೆಲ್ಲ ಗೊತ್ತಾಯಿತು.

ಅಂದು ರಾತ್ರಿ ಹೆಂಡತಿ ಸ್ವಪ್ನಾ ಅಡುಗೆಮನೆಯಲ್ಲಿ ಬೆನ್ನು ತಿರುಗಿಸಿಕೊಂಡೇ ಮಾತಾಡಿದಳು. ಅವಳು ಎಗೈಲಾ ಬಡಾವಣೆಯ ಮಾಲ್‌ನಲ್ಲಿ ಬಟ್ಟೆ ಅಂಗಡಿಯ ಕೆಲಸದವಳು, ದಿನವಿಡೀ ನಿಂತು ಕಾಲು ಬಾತಿದ್ದವು.

"ಇಷ್ಟ ದಿನಾ ನಿಮ್ಮ ಕೈ ನಿಮ್ಮದಿತ್ತು. ಇನ್ನ ಮ್ಯಾಲ ಅದು ನಂದು, ಸ್ನೇಹಾಂದು. ಅಕೀದು ಹನ್ನೆರಡನೇತ್ತೆ ಮುಗಿಯೂತನಾ ಯಾರ ಏನ ಅಂದ್ರೂ ಹಿಂದ ಕಟ್ಟಿ ನಿಂದರ್ರಿ."

"ಆತು," ಎಂದ ಈರಯ್ಯ. ಅವನು ಕೊಟ್ಟ ಮಾತನ್ನು ತಪ್ಪುವವನಲ್ಲ. ಬೇಸಿಗೆ ಕಳೆಯಿತು, ಮಳೆಯ ನಾಲ್ಕು ಹನಿ ಬಿದ್ದು ಹೋದವು, ಚಳಿ ಬಂತು. ಅವನ ಕೈ ಯಾರ ಮೇಲೂ ಏಳಲಿಲ್ಲ.

ಜನವರಿಯ ಅಮಾವಾಸ್ಯೆಯ ಗುರುವಾರ, ದಿಬ್ಬದ ಬುಡದಲ್ಲಿ ಕಾರುಗಳು ನಿಂತಾಗ ಕೊನೆಯ ಕಾರಿನಿಂದ ರವಿಕಿರಣ ಇಳಿದ. ಗೆಳೆಯನ ಹೆಸರಿನಲ್ಲಿ ಸೇರಿಕೊಂಡಿದ್ದ. ಬಾಯಲ್ಲಿ ಹೊಸ ಹಲ್ಲು, ಕೈಯಲ್ಲಿ ಕಬ್ಬಿಣದ ಮೈಯ ದೊಡ್ಡ ಟಾರ್ಚ್, ಉಸಿರಿನಲ್ಲಿ ಕದ್ದು ಕಾಯಿಸಿದ ಸಾರಾಯಿಯ ನಾತ.

"ವಾಪಸ್ ಹೋಗ್ವಾ ಮಾರಾಯ್ರೆ," ಎಂದ ರುಡಾಲ್ಫ್ ಮೆಲ್ಲಗೆ. "ಇವ್ರು ಬಂದದ್ದು ನಕ್ಷತ್ರ ನೋಡ್ಲಿಕ್ಕೆ ಅಲ್ಲ."

ಈರಯ್ಯ ಸುತ್ತ ನೋಡಿದ. ಮಕ್ಕಳಿಗೆ ಟೊಪ್ಪಿಗೆ ಹಾಕಿ, ಫ್ಲಾಸ್ಕಿನಲ್ಲಿ ಚಹಾ ತುಂಬಿಕೊಂಡು ಬಂದ ಸಂಸಾರಗಳು. ಇವನೊಬ್ಬನಿಗೆ ಹೆದರಿ ಎಲ್ಲರನ್ನೂ ಹಿಂದೆ ಕಳಿಸುವುದು ಅವನಿಗೆ ಸರಿಬರಲಿಲ್ಲ. ಹೆದರಿಕೆ ಎನ್ನುವುದು ಅವನ ಮೈಗೆ ಹಿಡಿಸದ ಅಂಗಿ. "ಯಲ್ಲಾ, ನಡೀರಿ," ಎಂದ.

ದಾರಿಯುದ್ದಕ್ಕೂ ರವಿಕಿರಣ ಟಾರ್ಚ್ ಹಚ್ಚುತ್ತ ಆರಿಸುತ್ತ ಬಂದ. ಹಚ್ಚಿದಾಗಲೆಲ್ಲ ಈರಯ್ಯ, "ಸಾಹೇಬ್ರ, ಕೆಂಪು ಲೈಟ್ ಕೊಡ್ಲಾ?" ಎಂದು ಕೇಳಿದ. ಹಾಗೆ ಕೇಳುವಾಗ ಹಲ್ಲು ಕಡಿಯುತ್ತಿದ್ದದ್ದು ಪಕ್ಕದಲ್ಲಿದ್ದ ಸ್ನೇಹಾಳಿಗೆ ಕೇಳಿಸುತ್ತಿತ್ತು. ಅವಳ ಹೆಗಲ ಮೇಲೆ ರುಡಾಲ್ಫ್‌ನ ಟ್ರೈಪಾಡ್ ಇತ್ತು, ಹಳೆಯ ಕಾಲದ ಭಾರದ್ದು.

ದಿಬ್ಬದ ತುದಿಯಲ್ಲಿ ಗಾಳಿ ಮುಖಕ್ಕೆ ಚುಚ್ಚುತ್ತಿತ್ತು. ಜನ ಅರ್ಧಚಂದ್ರಾಕಾರದಲ್ಲಿ ನಿಂತರು. ಈರಯ್ಯ ಕೈ ಹಿಂದೆ ಕಟ್ಟಿ, ತಲೆ ಎತ್ತಿ, ಲುಬ್ಧಕ ಎಲ್ಲಿದೆಯೆಂದು ಹೇಳಲು ಬಾಯಿ ತೆರೆದ. ಆಗ ಬಿಳಿ ಬೆಳಕು ನೇರ ಅವನ ಮುಖಕ್ಕೆ ಬಿತ್ತು. ಅಭ್ಯಾಸದಿಂದ ಅವನ ಬಲಗಣ್ಣು ಮುಚ್ಚಿಕೊಂಡಿತು.

"ಎಲ್ಲಿ ಮಗನ, ಈಗ ಎತ್ತು ಕೈ," ಎಂದ ರವಿಕಿರಣ. ಹತ್ತಿರ ಬಂದು ಕೆನ್ನೆಗೆ ಬಾರಿಸಿದ.

ಈರಯ್ಯ ಅಲುಗಲಿಲ್ಲ. ಎರಡನೆಯದು ಬಾಯಿಗೆ ಬಿತ್ತು, ತುಟಿ ಒಡೆಯಿತು. ಮೂರನೆಯದು ಹೊಟ್ಟೆಗೆ. ಬಗ್ಗಿದವನು ಮತ್ತೆ ನೆಟ್ಟಗಾದ. ಬೆನ್ನ ಹಿಂದೆ ಬಲಗೈ ಎಡ ಮಣಿಕಟ್ಟನ್ನು ಮುರಿಯುವಷ್ಟು ಬಿಗಿಯಾಗಿ ಹಿಡಿದಿತ್ತು. ಎಡಗಾಲು ಮುಂದೆ ಬರಲು ಚಡಪಡಿಸಿತು. ಅವನು ಬಲಗಾಲಿನ ಬೂಟನ್ನು ಅದರ ಮೇಲಿಟ್ಟು ಒತ್ತಿ ನಿಂತ. ಸ್ನೇಹಾಳ ಪರೀಕ್ಷೆ, ಸ್ನೇಹಾಳ ಪರೀಕ್ಷೆ ಎಂದು ಮನಸ್ಸಿನಲ್ಲೇ ಜಪ ಮಾಡಿದ.

"ಬಿಡಿ ಸರ್, ಸಾಕು," ಎಂದರು ಯಾರೋ. ಅಂದವರು ನಿಂತ ಜಾಗದಿಂದ ಕದಲಲಿಲ್ಲ. ತಾಯಂದಿರು ಮಕ್ಕಳ ಮುಖವನ್ನು ಸೆರಗಿನಲ್ಲಿ ಮುಚ್ಚಿದರು. ನಮ್ಮ ಜನ ಒಬ್ಬನಿಗೆ ಏಟು ಬೀಳುವಾಗ ಬಹಳ ಸಭ್ಯರಾಗಿರುತ್ತಾರೆ.

ಹೊಡೆತಕ್ಕೆ ಎದುರು ಹೊಡೆತ ಬರದಿದ್ದಾಗ ಹೊಡೆಯುವವನಿಗೆ ಹುಚ್ಚು ಹಿಡಿಯುತ್ತದೆ. ರವಿಕಿರಣ ಏದುಸಿರು ಬಿಡುತ್ತ ಇನ್ನೂ ಹತ್ತಿರ ಬಂದ. "ಕೇಸ್ ನಾ ಯಾಕ ವಾಪಸ್ ತಗೊಂಡೆ ಗೊತ್ತೇನು ನಿನಗ? ನಿನ್ನ ಹೇಣ್ತಿ ನನ್ನ ಬಾಗಲದಾಗ ಕುಂತು ನನ್ನ ಬೂಟು ಹಿಡ್ಕೊಂಡು ಅತ್ತಾಳ. ನಿನ್ನ ಮಗಳು ಅಲ್ಲೇ ಲಿಫ್ಟ್ ಹತ್ರ ನಿಂತು ನೋಡ್ಯಾಳ. ಕೇಳು ಅಕೀನ."

ಈರಯ್ಯನಿಗೆ ಇದು ಗೊತ್ತಿರಲಿಲ್ಲ. ಬೂಟಿನ ಕೆಳಗಿನ ಎಡಗಾಲು ಇನ್ನೇನು ಕಿತ್ತುಕೊಳ್ಳಬೇಕು, ಅಷ್ಟರಲ್ಲಿ ರವಿಕಿರಣ ಟಾರ್ಚನ್ನೇ ಬೀಸಿ ಅವನ ಎಡ ಹುಬ್ಬಿಗೆ ಬಡಿದ. ಗಾಜು ಒಡೆಯಿತು, ದೀಪ ಆರಿತು. ಬೆಳಕನ್ನು ದಿಟ್ಟಿಸುತ್ತಿದ್ದ ಅಷ್ಟೂ ಜನರ ಕಣ್ಣಿಗೆ ಕತ್ತಲೆ ಗೋಡೆಯಂತೆ ಬಂದು ನಿಂತಿತು. ಎಡಗಣ್ಣಿನಲ್ಲಿ ರಕ್ತ ತುಂಬಿದ ಈರಯ್ಯ ಮುಚ್ಚಿಟ್ಟುಕೊಂಡಿದ್ದ ಬಲಗಣ್ಣನ್ನು ತೆರೆದ.

ಕಂಡದ್ದು ಒಂದು ಕಾಲು. ರವಿಕಿರಣನ ಹಿಂದೆ, ಚುಕ್ಕಿಗಳ ಬೆಳಕಿನಲ್ಲಿ, ಒಂದು ಎಡಗಾಲು ಸದ್ದಿಲ್ಲದೆ ಒಂದು ಹೆಜ್ಜೆ ಮುಂದೆ ಬಂತು. ಬೈಗುಳವಿಲ್ಲ, ಎಚ್ಚರಿಕೆಯಿಲ್ಲ. ಸ್ನೇಹಾಳೂ ಒಂದು ಕಣ್ಣು ಮುಚ್ಚಿಕೊಂಡು ಕಾಯುತ್ತಿದ್ದಳು. ಟ್ರೈಪಾಡ್ ಮೇಲೆದ್ದದ್ದನ್ನೂ ಇಳಿದದ್ದನ್ನೂ ಅವನೊಬ್ಬನೇ ನೋಡಿದ. ಒಣ ಜೋಳದ ದಂಟು ಮುರಿದಂಥ ಸದ್ದಾಯಿತು, ರವಿಕಿರಣ ಭುಜ ಹಿಡಿದು ಕುಸಿದ. ಎರಡನೆಯ ಏಟು ದವಡೆಗೆ ಬಿತ್ತು. ಮೂರನೆಯದಕ್ಕೆ, ಕೆಳಗೆ ಬಿದ್ದವನ ತಲೆಗೇ ಗುರಿಯಿಟ್ಟು, ಟ್ರೈಪಾಡ್ ಮತ್ತೆ ಎದ್ದಿತು.

ಈರಯ್ಯನ ಕೈಗಳು ಆಗ ಬೆನ್ನಿನಿಂದ ಮುಂದೆ ಬಂದವು. ಟ್ರೈಪಾಡನ್ನು ಗಾಳಿಯಲ್ಲೇ ಹಿಡಿದ. ಮಗಳ ತೋಳಿನ ಬಲ ಕಂಡು ಅವನಿಗೆ ಗಾಬರಿಯಾಯಿತು.

"ಬಿಡು," ಎಂದ ಕಿವಿಯಲ್ಲಿ. "ರುಡಾಲ್ಫ್ ಹತ್ರ ಹೋಗಿ ನಿಂದ್ರು. ಕೈ ಹಿಂದ ಕಟ್ಟು. ಬಾಯಿ ತೆಗೀಬ್ಯಾಡ."

ಒಂದೊಂದೇ ಮೊಬೈಲ್ ಬೆಳಗಿದವು. ಬೆಳಕಿನಲ್ಲಿ ಎಲ್ಲರೂ ನೋಡಿದ್ದು ಇಷ್ಟು: ರವಿಕಿರಣ ನೆಲದ ಮೇಲೆ ರಕ್ತ ಉಗುಳುತ್ತಿದ್ದಾನೆ, ಈರಯ್ಯ ಟ್ರೈಪಾಡ್ ಹಿಡಿದು ಅವನ ಮೇಲೆ ನಿಂತಿದ್ದಾನೆ. ಯಾರಿಗೂ ಆಶ್ಚರ್ಯವಾಗಲಿಲ್ಲ.

ದಿಬ್ಬದ ಮೇಲೆ ಗಾಡಿ ಬರುವುದಿಲ್ಲ. ರವಿಕಿರಣನನ್ನು ಕೆಳಗೆ ಸಾಗಿಸಲು ಯಾರೂ ಮುಂದೆ ಬರದಿದ್ದಾಗ ಈರಯ್ಯನೇ ಅವನನ್ನು ಬೆನ್ನ ಮೇಲೆ ಹೊತ್ತುಕೊಂಡ. ಜಾರುವ ಕಲ್ಲುಗಳ ಮೇಲೆ, ಒಂದೇ ಕಣ್ಣಿನಲ್ಲಿ ದಾರಿ ನೋಡುತ್ತ ಇಳಿದ. ರವಿಕಿರಣನ ಬಾಯಿಯ ರಕ್ತ ಅವನ ಕೊರಳಿಗಿಳಿದು ಅಂಗಿಯೊಳಗೆ ಹರಿಯಿತು. ಪ್ರತಿ ಹೆಜ್ಜೆಗೂ ಬೆನ್ನ ಮೇಲಿದ್ದವನು ನರಳಿದ. ಇಷ್ಟು ವರ್ಷ ಜನರನ್ನು ನೆಲಕ್ಕೆ ಕೆಡವಿದ ಈರಯ್ಯ ಅವರಲ್ಲಿ ಒಬ್ಬನನ್ನೂ ಎತ್ತಿರಲಿಲ್ಲ. ಏಟು ತಿಂದ ಮನುಷ್ಯ ಎಷ್ಟು ಭಾರ ಎಂದು ಅವನಿಗೆ ಅಂದು ಗೊತ್ತಾಯಿತು.

ಠಾಣೆಯಲ್ಲಿ ಅಧಿಕಾರಿ ಹಳೆಯ ಮುಚ್ಚಳಿಕೆ ತೆಗೆದು ನೋಡಿದ. ನೀನೇನಾ ಹೊಡೆದದ್ದು ಎಂದು ಕೇಳಿದ. ಹೌದು ಎಂದ ಈರಯ್ಯ. ಖಲಾಸ್, ಎರಡನೆಯ ಪ್ರಶ್ನೆ ಬರಲಿಲ್ಲ. ರವಿಕಿರಣ ಆಸ್ಪತ್ರೆಯ ಹಾಸಿಗೆಯಿಂದ ಅವನ ಹೆಸರನ್ನೇ ಬರೆದುಕೊಟ್ಟ. ಬೆನ್ನ ಹಿಂದಿನಿಂದ ಬಂದ ಏಟು ಮುಂದೆ ನಿಂತವನದು ಹೇಗಾದೀತೆಂದು ಅವನಿಗೂ ಅನ್ನಿಸಲಿಲ್ಲ. ಕತ್ತಲೆಯಲ್ಲಿ ತಮ್ಮ ಅಂಗೈಯೂ ಕಾಣದೆ ತಡಕಾಡಿದವರೆಲ್ಲ ಈರಯ್ಯ ಹೊಡೆದದ್ದನ್ನು ಕಣ್ಣಾರೆ ಕಂಡೆವೆಂದರು. ಒಬ್ಬರಂತೂ ಎಡಗಾಲು ಮುಂದೆ ಬಂದದ್ದನ್ನೂ ಕಂಡಿದ್ದರು. ಒಂದು ಜನ್ಮವಿಡೀ ಗಳಿಸಿದ ಕೆಟ್ಟ ಹೆಸರು ಅಂದು ಅವನ ಉಪಯೋಗಕ್ಕೆ ಬಂತು.

ರುಡಾಲ್ಫ್ ಮಾತ್ರ ಜೈಲಿಗೆ ನೋಡಲು ಬಂದಾಗ ತಲೆ ತಗ್ಗಿಸಿ ಹೇಳಿದ: "ಟ್ರೈಪಾಡ್ ಯಾರ ಹತ್ರ ಇತ್ತು ಅಂತ ಅವ್ರು ನನ್ನನ್ನು ಕೇಳ್ಳೇ ಇಲ್ಲ ಮಾರಾಯ್ರೆ. ಕೇಳಿದ್ದಿದ್ರೆ ನಾನು ಏನು ಹೇಳ್ತಿದ್ದೆ, ಆ ದೇವ್ರಿಗೇ ಗೊತ್ತು."

"ಕೇಳಲಿಲ್ಲಲ್ಲಾ, ಬಿಡ್ರಿ," ಎಂದ ಈರಯ್ಯ.

ಗಡೀಪಾರಿನ ದಿನ ಗೊತ್ತಾದಮೇಲೆ ಸ್ವಪ್ನಾ ಮತ್ತು ಸ್ನೇಹಾ ಬಂದರು. ಅಪ್ಪನ ವೀಸಾದ ಮೇಲಿದ್ದ ಸ್ನೇಹಾಳನ್ನು ತನ್ನ ವೀಸಾದ ಮೇಲೆ ಹಾಕಿಸಿಕೊಳ್ಳಲು ಸ್ವಪ್ನಾ ಅಲೆದಾಡಿ ಸೊರಗಿದ್ದಳು, ಆದರೆ ಆ ಕೆಲಸ ಆಗಿತ್ತು. ಪರೀಕ್ಷೆಯೂ ಮುಗಿದಿತ್ತು. ಗಾಜಿನಾಚೆ ಕೂತ ಗಂಡನ ಹುಬ್ಬಿನ ಹೊಲಿಗೆಯ ಗುರುತಿನ ನೇರಕ್ಕೆ ಅವಳು ಗಾಜಿನ ಮೇಲೆ ಬೆರಳಿಟ್ಟಳು.

"ಅವನ ಬೂಟು ಹಿಡಿದಿದ್ದು ನಂಗ್ಯಾಕ ಹೇಳಲಿಲ್ಲ?" ಎಂದು ಕೇಳಿದ ಈರಯ್ಯ.

"ಹೇಳಿದ್ರ ನೀವು ಅವನ್ನ ಕೊಲ್ತಿದ್ರಿ," ಎಂದಳು. ದಿಬ್ಬದ ಮೇಲೆ ಹೊಡೆದದ್ದು ಯಾರೆಂದು ಅವಳಿಗೆ ಗೊತ್ತಿತ್ತೋ ಇಲ್ಲವೋ, ಅವನು ಕೇಳಲಿಲ್ಲ. ಅವಳು ಕಣ್ಣೊರೆಸಿಕೊಂಡು ಎದ್ದು ಮಗಳಿಗೆ ಜಾಗ ಕೊಟ್ಟು ಹೊರಗೆ ಹೋದಳು.

ಸ್ನೇಹಾ ಕೂರಲಿಲ್ಲ. "ಐ ವಿಲ್ ಟೆಲ್ ದೆಮ್, ಅಪ್ಪಾ," ಎಂದಳು.

"ಯಾರು ನಂಬ್ತಾರ?"

"ಅದಲ್ಲ." ಅವಳು ಗಾಜಿಗೆ ಹತ್ತಿರ ಬಂದಳು. "ಐ ಲೈಕ್ಡ್ ಇಟ್. ಆ ಬೋನ್ ಮುರಿದಾಗ ನಂಗೆ ಖುಷಿ ಆಯ್ತು. ನೀನು ಹಿಡೀದಿದ್ರೆ ನಾನು ಸ್ಟಾಪ್ ಮಾಡ್ತಿರ್ಲಿಲ್ಲ."

ಈರಯ್ಯ ಆಸ್ತಿ ಮಾಡಲಿಲ್ಲ, ಮನೆ ಕಟ್ಟಲಿಲ್ಲ. ಮಗಳಿಗೆ ಕೊಟ್ಟದ್ದು ಇದೊಂದನ್ನೇ. ಬುದ್ಧಿವಾದ ಹೇಳಲು ಅವನಿಗೆ ಬಾಯಿರಲಿಲ್ಲ. ನಿಜ ಹೇಳಿದ.

"ನಂಗೂ ಹಂಗ ಆಗ್ತಿತ್ತವ್ವಾ. ಪ್ರತಿ ಸಲಾನೂ."

ಅವಳು ಅಪ್ಪನ ಮುಖವನ್ನೇ ನೋಡಿದಳು. ಚಿಕ್ಕವಳಿದ್ದಾಗ ದಿಬ್ಬದ ಮೇಲೆ ಏಟು ತಿಂದು ನೋಡಿದ್ದಳಲ್ಲ, ಅದೇ ನೋಟ.

"ಅದು ಬಂದಾಗ ಮ್ಯಾಲ ನೋಡು," ಎಂದ ಈರಯ್ಯ. "ನಂಗೊತ್ತಿರೂದು ಇಷ್ಟ."

ಕಾವಲಿನವನು ಹೊತ್ತಾಯಿತೆಂದು ಬಾಗಿಲು ಬಡಿದ. ಅವಳು ತಲೆ ಎತ್ತಿದಳು. ಅಲ್ಲಿ ಮೇಲೆ ಇದ್ದದ್ದು ಟ್ಯೂಬ್‌ಲೈಟು, ಸುಣ್ಣ ಕಿತ್ತುಬಂದ ಸೂರು. ಆದರೂ ಅವಳ ಕೈಗಳು ಮೆಲ್ಲಗೆ ಬೆನ್ನ ಹಿಂದೆ ಹೋದವು. ಈರಯ್ಯನನ್ನು ಎಬ್ಬಿಸಿಕೊಂಡು ಹೊರಟರು. ಅವನು ಅಳುತ್ತಿದ್ದ, ಕಣ್ಣೊರೆಸಿಕೊಳ್ಳಲಿಲ್ಲ, ಹಿಂತಿರುಗಿ ಹಿಂತಿರುಗಿ ನೋಡುತ್ತ ಹೋದ. ಬಾಗಿಲು ಮುಚ್ಚುವವರೆಗೂ ಅವಳು ಹಾಗೆಯೇ ಕೈ ಹಿಂದೆ ಕಟ್ಟಿ ನಿಂತಿದ್ದಳು.